ಸೊನ್ನೆ ನೋಡುವವರ ಖರ್ಚು

ಅಂದಾಜು ಎನ್ನುವುದು ನನ್ನ ಜಾತಕದಲ್ಲೇ ಬರೆದಿಲ್ಲ. ಉಪ್ಪಿಟ್ಟಿಗೆ ನಾನು ನೀರಿಟ್ಟರೆ ಅದು ಗಂಜಿಯಾಗುತ್ತದೆ. ತೋಟದ ಬೇಲಿಗೆಂದು ತಂತಿ ತಂದರೆ ಕಡೆಯ ಮೂಲೆ ಬಾಯಿ ಬಿಟ್ಟುಕೊಂಡೇ ಉಳಿಯುತ್ತದೆ. ಹೈಸ್ಕೂಲಿನಲ್ಲಿ ಅಷ್ಟು ವರ್ಷ ಕನ್ನಡ ಮೇಷ್ಟ್ರಾಗಿದ್ದೆನಲ್ಲ, ಒಂದು ದಿನವಾದರೂ ಗಂಟೆ ಹೊಡೆಯುವ ಹೊತ್ತಿಗೆ ನನ್ನ ಪಾಠ ಮುಗಿದದ್ದಿಲ್ಲ. ಒಂದೋ ಪದ್ಯ ಉಳಿಯುತ್ತಿತ್ತು, ಇಲ್ಲ ಹೊತ್ತು ಉಳಿಯುತ್ತಿತ್ತು. ಹೀಗಿರುವ ಮನುಷ್ಯ, ನಿವೃತ್ತನಾಗಿ ಆಲೂರಿನ ಪಕ್ಕದ ನಮ್ಮೂರಿನಲ್ಲಿ ಒಂದಿಷ್ಟು ಕಾಫಿ ಗಿಡ ನೋಡಿಕೊಂಡು ಹಾಯಾಗಿದ್ದೆ. ಒಂದು ಬೆಳಿಗ್ಗೆ ನನ್ನ ಹೆಂಡತಿ ಸುಮ ಕಾಫಿ ಲೋಟದ ಜೊತೆಗೆ ಕೆಲಸವನ್ನೂ ತಂದು ಮುಂದಿಟ್ಟಳು. "ನಮ್ಮ ಕ್ಲೌಡ್ ಖರ್ಚು ತಿಂಗಳಿಗೆ ಎಷ್ಟಾಗುತ್ತೆ ಅಂತ ಒಂದು ಅಂದಾಜು ಹಾಕ್ಕೊಡ್ರೀ. ಹೆಂಗೂ ಸುಮ್ನೆ ಕೂತಿದೀರಲ್ಲ."

ಸುಮ್ಮನೆ ಕೂತಿರಲಿಲ್ಲ, ಪೇಪರ್ ಓದುತ್ತಿದ್ದೆ. ಆದರೆ ನಮ್ಮ ಮನೆಯಲ್ಲಿ ಎರಡಕ್ಕೂ ವ್ಯತ್ಯಾಸವಿಲ್ಲ.

ಸುಮ ಮಾಡುತ್ತಿರುವುದು ಮಳೆಯ ವ್ಯಾಪಾರ. ಹುಬ್ಬೇರಿಸಬೇಡಿ, ಮಳೆ ಮಾರುವುದಿಲ್ಲ. ಎಷ್ಟು ಬಂತು ಎಂಬುದನ್ನು ಮಾರುತ್ತಾಳೆ. ಕಾಫಿ ಸೀಮೆಯವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ, ಬೇರೆಯವರಿಗಾಗಿ ಹೇಳುತ್ತೇನೆ. ಫೆಬ್ರವರಿ, ಮಾರ್ಚಿನಲ್ಲಿ ಬರುವ ಹೂಮಳೆ ಒಂದು ಹದದಲ್ಲಿ ಬಿದ್ದರೆ ಗಿಡ ಬೆಳ್ಳಗೆ ಹೂವಾಗುತ್ತದೆ, ವರ್ಷದ ಫಸಲು ನಿಲ್ಲುತ್ತದೆ. ಬೀಳದಿದ್ದರೆ ಕೆರೆಯ ತಳದ ನೀರೆತ್ತಿ ಸ್ಪ್ರಿಂಕ್ಲರ್ ಹಾಕಬೇಕು. ಅದೂ ಇಲ್ಲದವನು ಆಕಾಶ ನೋಡಬೇಕು. ಈ ಮಳೆಗೆ ನ್ಯಾಯ ನೀತಿ ಒಂದೂ ಇಲ್ಲ. ರಸ್ತೆಯ ಈ ಕಡೆಯ ತೋಟಕ್ಕೆ ಸುರಿದು ಆ ಕಡೆಯ ತೋಟದ ಧೂಳನ್ನೂ ಅಡಗಿಸದೆ ಹೋಗುತ್ತದೆ. ಹಾಗಾಗಿ ನಮ್ಮ ಕಡೆ ಇಬ್ಬರು ಎದುರಾದರೆ ಊಟ ಆಯ್ತಾ ಎಂದು ಕೇಳುವ ಮೊದಲು "ಎಷ್ಟು ಬಂತು?" ಎಂದು ಕೇಳುತ್ತಾರೆ. ಉತ್ತರ ಇಂಚು ಮತ್ತು ಸೆಂಟಿನಲ್ಲಿ ಬರಬೇಕು. ಇಂಚಿನ ನೂರರಲ್ಲೊಂದು ಪಾಲು ಒಂದು ಸೆಂಟು. ಮಿಲಿಮೀಟರಿನಲ್ಲಿ ಹೇಳಿದವನನ್ನು ಸರ್ಕಾರದ ಕಡೆಯವನು ಎಂದುಕೊಳ್ಳುತ್ತಾರೆ.

ಶಾಲೆಯಲ್ಲಿ ಕಂಪ್ಯೂಟರ್ ಕಲಿಸುತ್ತಿದ್ದ ಸುಮ ಕೆಲಸ ಬಿಟ್ಟಮೇಲೆ ತನ್ನ ಚಿಕ್ಕಮ್ಮನ ಮಗಳು ದಿವ್ಯಳ ಜೊತೆ ಸೇರಿ ಈ ಕಂಪನಿ ಕಟ್ಟಿದಳು. ದಿವ್ಯ ಇಂಜಿನಿಯರ್, ಆನೇಮಹಲ್‌ಗೆ ಸೊಸೆಯಾಗಿ ಬಂದವಳು. ಹೆದ್ದಾರಿ ಪಕ್ಕದ ಅವಳ ಮನೆಯ ಮಹಡಿಯಲ್ಲಿ ನೆಟ್‌ವರ್ಕ್ ಚೆನ್ನಾಗಿ ಸಿಗುವುದರಿಂದ ಆ ಕೋಣೆಯೇ ಆಫೀಸು. ತೋಟಗಳಲ್ಲಿ ಇವರು ನೆಟ್ಟಿರುವ ರೈನ್‌ಗೇಜ್‌ಗಳು ಬಿದ್ದ ಮಳೆಯನ್ನು ತಾವೇ ಅಳೆದು ಕಳಿಸುತ್ತವೆ. ಆ್ಯಪ್ ತೆರೆದರೆ ಆಲೂರಿನಿಂದ ಘಟ್ಟದಂಚಿನ ಹೆಗ್ಗದ್ದೆಯವರೆಗೆ ಯಾವ ತೋಟಕ್ಕೆ ಎಷ್ಟು ಸೆಂಟು ಎಂದು ಕಾಣುತ್ತದೆ. ಗೇಜ್ ಇಟ್ಟುಕೊಂಡ ಬೆಳೆಗಾರರು ವರ್ಷಕ್ಕೊಂದು ಸಲ ಚಂದಾ ಕಟ್ಟುತ್ತಾರೆ. ನೋಡುವುದಕ್ಕೆ ಮಾತ್ರ ದುಡ್ಡಿಲ್ಲ, ಯಾರು ಬೇಕಾದರೂ ನೋಡಬಹುದು. "ಮಳೆ ಏನು ಯಾರಪ್ಪನ ಮನೆ ಆಸ್ತಿನೇನ್ರೀ? ನೋಡ್ಲಿ ಬಿಡಿ" ಎಂದು ಸುಮ ಮೊದಲ ದಿನವೇ ಹೇಳಿಬಿಟ್ಟಿದ್ದಳು.

ಇನ್ನು ಕ್ಲೌಡ್. ದಿವ್ಯ ನನಗೆ ವಿವರಿಸಿದ ಪ್ರಕಾರ ಅದು ಬೇರೆ ಯಾರದೋ ಕಂಪ್ಯೂಟರು, ನಾವು ಬಾಡಿಗೆಗೆ ಹಿಡಿದದ್ದು, ಅಷ್ಟೇ. ಹಾಸಿಗೆ ಇದ್ದಷ್ಟು ಕಾಲು ಚಾಚು ಎಂದು ಹಿರಿಯರು ಹೇಳಿದರು. ಇಲ್ಲಿ ತೊಂದರೆ ಏನೆಂದರೆ, ಕಾಲು ಚಾಚಿದಷ್ಟೂ ಹಾಸಿಗೆ ತಾನಾಗಿ ಬೆಳೆಯುತ್ತದೆ, ಎಷ್ಟು ಬೆಳೆಯಿತು ಎಂದು ತಿಂಗಳು ಮುಗಿದ ಮೇಲೆ ಬಿಲ್ಲು ಬರುತ್ತದೆ. ಹತ್ತು ಜನ ನೋಡಿದರೆ ಹತ್ತು ಜನದ ಖರ್ಚು, ಊರೆಲ್ಲ ಒಟ್ಟಿಗೆ ನುಗ್ಗಿದರೆ ಊರಿನ ಖರ್ಚು. ಮುಂಚೆ ಹೇಳು ಎಂದರೆ ಹೇಳುವುದಿಲ್ಲ. ಒಂದು ಮಿತಿ ಇಟ್ಟುಕೊಳ್ಳಬಹುದಂತೆ. ಅರ್ಧ ದಾಟಿದಾಗ ಒಂದು ಮೇಲ್, ಮುಕ್ಕಾಲು ದಾಟಿದಾಗ ಇನ್ನೊಂದು. ಸರಿ, ಮಿತಿ ಮುಟ್ಟಿದ ಮೇಲೆ ನಿಲ್ಲುತ್ತದಲ್ಲ ಎಂದು ಕೇಳಿದೆ. "ಇಲ್ಲ ಭಾವ, ಹೇಳುತ್ತೆ ಅಷ್ಟೇ" ಎಂದಳು ದಿವ್ಯ. ನಮ್ಮ ನೆರೆಯವರೂ ಹಾಗೆಯೇ, "ಆನೆ ನಿಮ್ಮ ತೋಟಕ್ಕೆ ಇಳೀತು ಕಣ್ರೀ" ಎಂದು ಫೋನು ಮಾಡುತ್ತಾರೆ, ಓಡಿಸಲು ಬರುವುದಿಲ್ಲ.

ಕಳೆದ ಮಾರ್ಚಿನಲ್ಲಿ ಆನೆ ಇಳಿದಿತ್ತು. ಬೇರೆ ತಿಂಗಳುಗಳಲ್ಲಿ ಸಾಧುವಾಗಿದ್ದ ಬಿಲ್ಲು ಆ ಒಂದು ತಿಂಗಳಲ್ಲಿ ವರ್ಷದ ಚಂದಾವನ್ನೆಲ್ಲ ಮೇದು ಹಾಕಿತು. ಬರುವ ದುಡ್ಡು ವರ್ಷಕ್ಕೊಮ್ಮೆ, ಗಟ್ಟಿ. ಹೋಗುವ ದುಡ್ಡು ತಿಂಗಳಿಗೊಮ್ಮೆ, ಮಳೆಯಷ್ಟೇ ಚಂಚಲ. ಸುಮ ಗಲಾಟೆ ಮಾಡುವವಳಲ್ಲ. ಲೋಟ ಕೆಳಗಿಟ್ಟು ಹೇಳಿದಳು, "ಈ ಸಲದ ಮಾರ್ಚ್ ಬಿಲ್ಲು ನಮ್ಮ ಅಂದಾಜಿನೊಳಗೆ ಬಂದ್ರೆ ನಡೆಸ್ತೀನಿ. ಬರ್ದೆ ಹೋದ್ರೆ ಯುಗಾದಿಗೆ ಗೇಜ್ ಎಲ್ಲ ಕಿತ್ತು ತರಿಸ್ಬುಡ್ತೀನಿ. ಮನೆ ದುಡ್ಡು ಹಾಕ್ಕೊಂಡು ಊರ ಮಳೆ ಅಳೆಯೋ ಶೋಕಿ ನಂಗೆ ಬ್ಯಾಡ." ಆ ಕಂಪನಿ ಶುರುವಾದ ಮೇಲೆ ಅವಳ ಮುಖದಲ್ಲಿ ಒಂದು ಬೆಳಕು ಬಂದಿದೆ. ತೋಟದವರು ದಾರಿಯಲ್ಲಿ ನಿಲ್ಲಿಸಿ "ಸುಮಕ್ಕ, ಇವತ್ತು ಆಗ್ಬೋದಾ?" ಎಂದು ಕೇಳುತ್ತಾರೆ, ಆಕಾಶದ ಕೀಲಿ ಇವಳ ಸೊಂಟದಲ್ಲಿದೆಯೇನೋ ಎಂಬಂತೆ. ಆ ಹೆಂಗಸು ಗೇಜ್ ಕಿತ್ತು ತಂದು ಸ್ಟೋರಿನಲ್ಲಿ ಪೇರಿಸುವುದನ್ನು ನಾನು ನೋಡಲಾರೆ. ಅದಕ್ಕೇ ಅಂದಾಜು ಎಂಬ ಆ ಹಾಳು ಕೆಲಸಕ್ಕೆ ಒಪ್ಪಿಕೊಂಡೆ.

ಕನ್ನಡ ಮೇಷ್ಟ್ರಿಗೆ ಕೆಲಸ ಕೊಟ್ಟರೆ ಮೊದಲು ಏನು ಮಾಡುತ್ತಾನೆ? ನಿಘಂಟು ತೆಗೆಯುತ್ತಾನೆ. ಅಂದಾಜು ನಮ್ಮ ಮಾತೇ ಅಲ್ಲ, ಪಾರ್ಸಿಯಿಂದ ಬಂದದ್ದು. ಖರ್ಚು, ಬಾಕಿ, ಜಮೆ ಇವೂ ಹಾಗೇ ಹೊರಗಿನಿಂದ ಬಂದು ಕಚೇರಿಯಲ್ಲಿ ಕೂತವು. ಹೋಗಲಿ, 'ಸುಮಾರು' ಆದರೂ ನಮ್ಮದಿರಬಹುದು ಎಂದು ನೋಡಿದರೆ ಅದಕ್ಕೂ ಪಾರ್ಸಿ ಮೂಲ ಕೊಟ್ಟಿದ್ದಾರೆ. ಹಾಗಾದರೆ ಇವೆಲ್ಲ ಬರುವ ಮುಂಚೆ ನಮ್ಮ ಜನ ಏನು ಮಾಡುತ್ತಿದ್ದರು? ನನ್ನ ಊಹೆ ಏನೆಂದರೆ, ಅಂದಾಜು ಮಾಡುತ್ತಲೇ ಇರಲಿಲ್ಲ. ನಾಲ್ಕು ಜನಕ್ಕೆ ಹೆಚ್ಚೇ ಅಕ್ಕಿ ಹಾಕುತ್ತಿದ್ದರು. ನನ್ನ ಅಮ್ಮ ಹಾಗೇ ಮಾಡುತ್ತಿದ್ದಳು, ಸುಮ ಈಗಲೂ ಹಾಗೇ ಮಾಡುತ್ತಾಳೆ. ಈ ವಿದ್ವತ್ತನ್ನೆಲ್ಲ ಅಡುಗೆಮನೆಗೆ ಹೋಗಿ ನಿವೇದಿಸಿಕೊಂಡಾಗ ಅವಳು, "ಬಿಲ್ಲು ಯಾವ ಭಾಷೇಲಿ ಬಂದ್ರೂ ಕಟ್ಟೋಳು ನಾನೇ ಅಲ್ವಾ? ಹೋಗಿ ಕೆಲ್ಸ ನೋಡಿ" ಎಂದಳು.

ಆನೇಮಹಲ್‌ಗೆ ಸುಮಳ ಜೊತೆ ಹೋಗಿ ದಿವ್ಯಳ ಪಕ್ಕ ಕುರ್ಚಿ ಹಾಕಿಕೊಂಡು ಕೂತೆ. ಮೊದಲು ಸಿಕ್ಕಿದ್ದೇ ಈ ಹೆಚ್ಚಿನ ಅಕ್ಕಿ. ಯಾರಾದರೂ ಬಂದರೆ ಇರಲಿ ಎಂದು ಒಂದು ಯಂತ್ರವನ್ನು ವರ್ಷವಿಡೀ ಚಾಲೂ ಇಟ್ಟಿದ್ದರು. ಜೂನ್‌ನಿಂದ ಜನವರಿವರೆಗೆ ಅದರ ಕಡೆ ಒಂದು ನೊಣವೂ ಸುಳಿದಿರಲಿಲ್ಲ. ಬೇಕೆಂದಾಗ ಎಬ್ಬಿಸಿಕೊಳ್ಳೋಣ ಎಂದು ಅದನ್ನು ಮಲಗಿಸಿದೆವು. ಆಮೇಲೆ ಫೋಟೋಗಳು. ಗೇಜ್ ತಾನೇ ಅಳೆದು ಕಳಿಸುತ್ತದಲ್ಲ, ಫೋಟೋ ಯಾಕೆ ಎಂದು ನೀವು ಕೇಳಬಹುದು. ನಮ್ಮ ಬೆಳೆಗಾರರು ಯಂತ್ರವನ್ನು ನಂಬುವುದಿಲ್ಲ, ತಮ್ಮ ಹಳೇ ಗಾಜಿನ ಅಳತೆಯ ಫೋಟೋ ತೆಗೆದು ಕಳಿಸುತ್ತಾರೆ. ಪಕ್ಕದ ತೋಟದವರು ತಮ್ಮನ್ನು ನಂಬುವುದಿಲ್ಲ ಎಂದು ಇನ್ನೊಂದು ಕೋನದಿಂದ ಮತ್ತೊಂದು ಕಳಿಸುತ್ತಾರೆ. ಗಾಜಿನ ಹಿಂದೆ ನಾಯಿ, ಒಣಹಾಕಿದ ಪಂಚೆ, ಒಂದರಲ್ಲಿ ಕೋಳಿ ಸಾರಿನ ತಪ್ಪಲೆ. ಇಷ್ಟಕ್ಕೂ ನಾವು ಬಾಡಿಗೆ ಕಟ್ಟುತ್ತಿದ್ದೆವು. ಹೊಸವನ್ನು ಕುಗ್ಗಿಸಿ, ಹಳೆಯವನ್ನೆಲ್ಲ ಕ್ಲೌಡ್‌ನ ಅಟ್ಟಕ್ಕೆ ಹಾಕಿದೆವು. ಅಲ್ಲಿ ಬಾಡಿಗೆ ಅಗ್ಗ, ಇಳಿಸಿಕೊಳ್ಳಬೇಕಾದರೆ ಮಾತ್ರ ಕೂಲಿ ಕೊಡಬೇಕು. ಅಳಿಸಿಬಿಡೋಣ ಅಂದದ್ದಕ್ಕೆ ಸುಮ ಒಪ್ಪಲಿಲ್ಲ. ಆ ತಪ್ಪಲೆಯ ಮನೆಯವರು ಬೇಜಾರು ಮಾಡಿಕೊಳ್ಳುತ್ತಾರಂತೆ.

ಇಷ್ಟಾದರೂ ಮಾರ್ಚಿನ ಒಗಟು ಒಡೆಯಲಿಲ್ಲ. ನಮ್ಮ ಲೆಕ್ಕ ಇದ್ದದ್ದು ಹೀಗೆ: ಇಷ್ಟು ಗೇಜ್, ಗೇಜಿಗೊಂದು ಮನೆ, ಮನೆಗೊಬ್ಬ ಯಜಮಾನ, ಅವನು ಇಷ್ಟು ಸಲ ನೋಡಿದರೆ ಇಷ್ಟು ಖರ್ಚು. ಬಂದ ಬಿಲ್ಲು ಅದರ ಎಷ್ಟೋ ಪಟ್ಟು. ದಿವ್ಯ ಕೆದಕಿ ನೋಡಿ, "ಭಾವ, ನೋಡೋರಲ್ಲಿ ಮುಕ್ಕಾಲು ಪಾಲು ಜನರ ಹತ್ರ ಗೇಜೇ ಇಲ್ಲ. ಕಾಫಿ ಬೆಳೆಯದ ಬಯಲುಸೀಮೆ ಕಡೆಯಿಂದೆಲ್ಲ ನೋಡ್ತಿದಾರೆ" ಎಂದಳು. ನಾನು ತಕ್ಷಣ ಸಿದ್ಧಾಂತ ಮಂಡಿಸಿದೆ: ವ್ಯಾಪಾರಿಗಳು, ಫಸಲಿನ ಗುಟ್ಟು ತಿಳಿದು ರೇಟು ಇಳಿಸುವವರು. ಉಳಿದವರು ಹೊಟ್ಟೆಕಿಚ್ಚಿನ ದಾಯಾದಿಗಳು. ಆಗ ದಿವ್ಯ ಇನ್ನೊಂದು ವಿಚಿತ್ರ ತೋರಿಸಿದಳು. ಜನ ಹೆಚ್ಚು ನೋಡಿದ್ದು ಮಳೆ ಬಿದ್ದ ತೋಟಗಳನ್ನಲ್ಲ, ಬೀಳದ ತೋಟಗಳನ್ನು. ಸೊನ್ನೆ ಎಂದು ತೋರಿಸುವ ಗೇಜನ್ನೇ ತೆಗೆದು ತೆಗೆದು ನೋಡಿದ್ದಾರೆ. ನಾನು ಸೋಲಲಿಲ್ಲ. ಪಕ್ಕದವನಿಗೆ ಬರಲಿಲ್ಲ ಎಂದು ಖುಷಿಪಡುವುದೂ ಮನುಷ್ಯ ಸ್ವಭಾವವೇ ಎಂದೆ. "ನಿಮ್ಮ ಬುದ್ಧಿ ಹಂಗೆ ಓಡುತ್ತೆ" ಎಂದಳು ಸುಮ. ಆದರೆ ಬಾಗಿಲು ಹಾಕದೆ ಬೇರೆ ದಾರಿ ಅವಳಿಗೂ ತೋಚಲಿಲ್ಲ. ಮಾರ್ಚ್ ಹುಟ್ಟಿದ್ದೇ ಗೇಜ್ ಇಲ್ಲದವರಿಗೆ ಆ್ಯಪಿನಲ್ಲಿ ಬೀಗದ ಚಿತ್ರ ಕಾಣುವ ಹಾಗೆ ಮಾಡಿದರು. ನಾನು ಆ ದಿನ ಬಹಳ ಖುಷಿಯಾಗಿದ್ದೆ.

ಮಾರನೆಯ ಸಂಜೆಯೇ ಆಲೂರು ಪೇಟೆಗೆ ಒಳ್ಳೆಯ ಮಳೆ ಹೊಡೆಯಿತು. ಪಕ್ಕದಲ್ಲೇ ಇದ್ದರೂ ನಮ್ಮೂರಿಗಿಲ್ಲ, ಹೆಗ್ಗದ್ದೆ ಕಡೆಗಂತೂ ಹನಿಯಿಲ್ಲ. ಬೆಳಗಾಗುವುದರೊಳಗೆ ಸುಮಳ ಫೋನು ಬಡಿದುಕೊಳ್ಳಲು ಶುರುವಾಯಿತು. ಎತ್ತಿದರೆ ಹೆಂಗಸರ ದನಿ. ಅದನ್ನಿಟ್ಟರೆ ಇನ್ನೊಬ್ಬ ಹೆಂಗಸು. ಅಷ್ಟರಲ್ಲಿ ಆಲೂರಿನ ಬಸ್ ಸ್ಟ್ಯಾಂಡ್ ಹತ್ತಿರ ಟೈಲರಿಂಗ್ ಅಂಗಡಿ ಇಟ್ಟಿರುವ ಜಯಂತಿ, ಅಂಗಡಿ ಬಾಗಿಲೂ ತೆಗೆಯದೆ, ನೇರ ನಮ್ಮ ಮನೆಗೇ ಬಂದು ನಿಂತಳು. ಕೈಯಲ್ಲಿ ಫೋನು, ಕೊರಳಲ್ಲಿ ಅಳತೆ ಟೇಪು.

"ಅಕ್ಕ, ನಮ್ಮಣ್ಣನ ತೋಟ ಕಾಣ್ತಾ ಇಲ್ಲ ಕಣಕ್ಕ. ಬರೀ ಬೀಗ ತೋರಿಸ್ತೈತೆ."

ಅವಳ ತವರು ಹೆಗ್ಗದ್ದೆ. ತೋಟ ಅಣ್ಣನ ಹೆಸರಿನಲ್ಲಿದೆ, ಗೇಜೂ ಅವನದೇ. ಇವಳ ಬಳಿ ಅಂಗಡಿಯ ಮುಂದಿನ ತುಳಸಿ ಗಿಡ ಬಿಟ್ಟರೆ ಬೇರೆ ಬೆಳೆಯಿಲ್ಲ. ನಾನು ಕಂಪನಿಯ ಪರವಾಗಿ ಗಂಭೀರವಾಗಿ, "ಅಣ್ಣನಿಗೆ ಒಂದು ಫೋನ್ ಮಾಡಿ ಕೇಳಬಹುದಲ್ಲಮ್ಮ" ಎಂದೆ.

"ಕೇಳ್ಬೋದು ಸಾರ್. ಕೇಳಿದ್ರೆ ಅವನು ಇಲ್ಲ ಅನ್ಬೇಕಲ್ಲ?" ಎಂದಳು ಜಯಂತಿ. "ಇಲ್ಲಿ ನಂಗೆ ಸುರ್ದೈತೆ, ಮೂರು ಕಾಸಿನ ಉಪ್ಯೋಗ ಇಲ್ಲ. ಅಲ್ಲಿ ಅವನು ಒಂದು ಹನಿಗೆ ಬಾಯಿ ಬಿಟ್ಕೊಂಡು ಕೂತವ್ನೆ. ಹೋದ ವರ್ಷ ಹಂಗೇ ಕೇಳ್ಬುಟ್ಟೆ, ಅವನು ಒಂದು ಗಳಿಗೆ ಮಾತೇ ಆಡ್ಲಿಲ್ಲ. ಅವತ್ತಿಂದ ಕೇಳೋದು ಬಿಟ್ಟೆ. ಸುಮ್ನೆ ಇದ್ರಲ್ಲಿ ತೆಗ್ದು ನೋಡ್ತೀನಿ. ಸೊನ್ನೆ ಇದ್ರೆ ಮಡಗ್ತೀನಿ. ಒಂದು ಬ್ಲೌಸ್ ಹೊಲಿದು ಮತ್ತೆ ನೋಡ್ತೀನಿ. ಬಿತ್ತು ಅಂತ ತೋರಿಸ್ತು ಅನ್ನಿ, ಆಗ ಫೋನ್ ಮಾಡ್ತೀನಿ, ಏನೂ ಗೊತ್ತಿಲ್ದೋಳ ಥರ, 'ಅಣ್ಣ, ಮಳೆ ಏನಾದ್ರೂ ಬಂತಾ?' ಅಂತ. ಅವನು ಇಷ್ಟಗಲ ಬಾಯಿ ಮಾಡ್ಕೊಂಡು ಹೇಳ್ತಾನೆ. ಅವನು ಹೇಳೋದು ಕೇಳ್ಬೇಕು ಸಾರ್ ನೀವು."

ಬೆಳಿಗ್ಗೆಯಿಂದ ಬಂದ ಫೋನುಗಳೆಲ್ಲ ಅದೇ ಬಾಬತ್ತು. ಘಟ್ಟದಂಚಿನಿಂದ ಬಯಲಿಗೆ ಕೊಟ್ಟ ಹೆಣ್ಣುಮಕ್ಕಳು, ಅಪ್ಪನ ತೋಟದ್ದು, ಅಣ್ಣನ ತೋಟದ್ದು, ಒಬ್ಬಾಕೆ ತನ್ನ ಸೋದರಮಾವನದು. ನಾವು ಗೇಜ್ ಎಣಿಸಿದ್ದೆವು, ಯಜಮಾನರನ್ನು ಎಣಿಸಿದ್ದೆವು, ನಾಯಿಯ ಫೋಟೋವನ್ನೂ ಲೆಕ್ಕಕ್ಕೆ ಹಿಡಿದಿದ್ದೆವು. ಕೊಟ್ಟ ಹೆಣ್ಣುಮಕ್ಕಳನ್ನು ಹಿಡಿದಿರಲಿಲ್ಲ. ಮದುವೆ ಮಾಡಿ ಕಳಿಸಿದ ಮೇಲೆ ತೋಟದ ಲೆಕ್ಕದಿಂದ ಅವರು ಹೋದರು ಎಂದುಕೊಳ್ಳುವುದು ನಮ್ಮ ಕಡೆಯ ರೂಢಿ. ಆ ರೂಢಿಯನ್ನೇ ಕ್ಲೌಡ್ ಲೆಕ್ಕಕ್ಕೂ ತಂದುಬಿಟ್ಟಿದ್ದೆವು. ಅದರ ಮೇಲೆ ನಾನು ಹೊಟ್ಟೆಕಿಚ್ಚು, ದಾಯಾದಿ ಎಂದು ಭಾಷಣ ಬೇರೆ ಮಾಡಿದ್ದೆ. ನಿಜ ಹೇಳುತ್ತೇನೆ, ಆ ಹೊತ್ತು ಜಯಂತಿಯ ಮುಖ ನೋಡಲು ನನಗೆ ನಾಚಿಕೆಯಾಯಿತು.

ಸುಮ ಅಲ್ಲೇ ನಿಂತು ದಿವ್ಯಳಿಗೆ ಫೋನು ಮಾಡಿದಳು. "ಬೀಗ ತೆಗಿ ಕಣೇ. ಈಗ್ಲೇ."

"ಅಕ್ಕ, ಬಿಲ್ಲು?"

"ಮುಚ್ಚೋ ಹಂಗಿದ್ರೆ ಯುಗಾದಿಗೆ ಅಂಗ್ಡಿ ಮುಚ್ಚಣ. ಬಾಗ್ಲು ಹಾಕ್ಕೊಂಡು ಅಂಗ್ಡಿ ನಡ್ಸೋದು ನನ್ನ ಕೈಲಾಗಲ್ಲ."

ದಿವ್ಯ ಜಾಣೆ. ಬೀಗ ತೆಗೆದಳು, ಸುಮ್ಮನೆ ಕೂರಲಿಲ್ಲ. ಇಲ್ಲಿಯವರೆಗೆ ಯಾರು ಬಂದು ಕೇಳಿದರೂ ನಮ್ಮ ಸರ್ವರ್ ಅವರೊಬ್ಬರಿಗಾಗಿ ಹೊಸದಾಗಿ ಒಲೆ ಹಚ್ಚಿ, ಎಲ್ಲ ಗೇಜ್ ಕೇಳಿ, ಲೆಕ್ಕ ಹಾಕಿ ಬಡಿಸುತ್ತಿತ್ತು. ಅದರ ಬದಲು ಕಾಲು ಗಂಟೆಗೊಂದು ಸಲ ಎಲ್ಲ ತೋಟದ ಮಳೆಯನ್ನೂ ಒಂದೇ ಪುಟ ಮಾಡಿಟ್ಟುಬಿಡೋಣ, ಬಂದವರಿಗೆಲ್ಲ ಅದನ್ನೇ ಕೊಡೋಣ ಎಂದಳು. ಖರ್ಚಿನಲ್ಲಿ ಭೂಮಿ ಆಕಾಶದ ಅಂತರವಂತೆ. ಸುಮಳಿಗೆ ಒಂದು ಅನುಮಾನ. ಅಲ್ಲಿ ಮಳೆ ಬಿದ್ದರೂ ಇವರಿಗೆ ಕಾಲು ಗಂಟೆ ಸೊನ್ನೆಯೇ ಕಾಣುತ್ತಲ್ಲ, ಪಾಪ ಅಲ್ಲವೇ? ಜಯಂತಿಯನ್ನೇ ಕೇಳಿದಳು. "ಅಯ್ಯೋ, ಅಷ್ಟೊತ್ತು ಕಾಯೋದು ಒಂದು ದೊಡ್ಡ ವಿಷ್ಯವೇನಕ್ಕ?" ಎಂದು ಜಯಂತಿ ನಕ್ಕಳು. ಅವಳು ಚಹ ಕುಡಿದು ಹೊರಡುವ ಹೊತ್ತಿಗೆ ಅಣ್ಣನ ತೋಟ ಫೋನಿನಲ್ಲಿ ಮತ್ತೆ ಕಾಣುತ್ತಿತ್ತು. ಸೊನ್ನೆ.

ಆ ಸೊನ್ನೆ ಬಹಳ ದಿನ ಕೂತಿತ್ತು, ಸ್ವಾಮಿ. ಮಾರ್ಚಿನ ಬಿಸಿಲು ಏರಿತು. ಮಧ್ಯಾಹ್ನ ಮೋಡ ಕಟ್ಟುತ್ತಿತ್ತು, ಸಂಜೆಗೆ ಚದುರುತ್ತಿತ್ತು. ಘಟ್ಟದ ಕಡೆಗೂ ಇಲ್ಲ, ನಮಗೂ ಇಲ್ಲ. ನನ್ನ ತೋಟದ ಮೊಗ್ಗು ಕಡ್ಡಿಯ ಮೇಲೆ ಕಂದು ತಿರುಗುವುದನ್ನು ದಿನವೂ ಹೋಗಿ ನೋಡಿ ಬರುತ್ತಿದ್ದೆ. ಅರ್ಧ ದಾಟಿತು ಎಂದು ಮೇಲ್ ಬಂತು. ಮುಕ್ಕಾಲು ದಾಟಿತು ಎಂದೂ ಬಂತು. ಒಂದೇ ಪುಟ ಮಾಡಿಟ್ಟದ್ದರಿಂದ ಏರುವ ವೇಗ ತಗ್ಗಿತ್ತು ನಿಜ, ಆದರೆ ಏರುವುದು ನಿಂತಿರಲಿಲ್ಲ. ಮಳೆ ತಡವಾದಷ್ಟೂ ನೋಡುವವರು ಹೆಚ್ಚುತ್ತಿದ್ದರು. ಇನ್ನು ಕೆಲವು ದಿನ ಹೀಗೇ ಹೋದರೆ ಅಂದಾಜು ಮೀರುತ್ತದೆ ಎಂದಳು ದಿವ್ಯ. ಸುಮ ಒಂದು ದಿನ ಸ್ಟೋರಿಗೆ ಹೋಗಿ ಗೇಜ್ ಇಡಲು ಮೂಲೆ ಖಾಲಿ ಮಾಡುತ್ತಿದ್ದಳು.

ಒಂದು ಮಧ್ಯಾಹ್ನ ಊಟ ಮಾಡಿ ಎದ್ದಿದ್ದೆವು. ಪಶ್ಚಿಮದಿಂದ ಗಾಳಿ ಎದ್ದಿತು. ಮೊದಲು ಗುಡುಗು, ಆಮೇಲೆ ಹೆಂಚಿನ ಮೇಲೆ ನಾಲ್ಕು ಹನಿ, ಆಮೇಲೆ ಮಾತು ಕೇಳಿಸದಷ್ಟು. ಹೆಗ್ಗದ್ದೆ, ಆನೇಮಹಲ್, ಆಲೂರು, ನಮ್ಮೂರು ಎಂಬ ಭೇದವಿಲ್ಲದೆ ಇಡೀ ಸೀಮೆಗೆ ಸುರಿಯಿತು. ನಾನೊಬ್ಬ ಪಾಪಿ ನೋಡಿ, ತೋಟಕ್ಕೆ ಮಳೆ ಬರುವಾಗಲೂ ನನಗೆ ಬಿಲ್ಲಿನದೇ ಯೋಚನೆ. ಇವತ್ತು ಊರೆಲ್ಲ ನುಗ್ಗುತ್ತದೆ, ಕಾಲು ಚಾಚುತ್ತಾರೆ, ಮುಗಿಯಿತು ಸುಮಳ ಅಂಗಡಿ. ಮಳೆ ನಿಂತ ಸ್ವಲ್ಪ ಹೊತ್ತಿಗೆ ದಿವ್ಯಳ ಫೋನು ಬಂತು. ಸುಮ ಎತ್ತಲಿಲ್ಲ, ನನ್ನ ಕೈಗೆ ಕೊಟ್ಟಳು.

"ಭಾವ, ಏನೋ ಕೆಟ್ಟೋಗೈತೆ ಅಂತ ಎರಡೆರಡು ಸಲ ನೋಡ್ದೆ. ಕೆಟ್ಟಿಲ್ಲ. ಒಬ್ರೂ ನೋಡ್ತಿಲ್ಲ ಭಾವ! ಒಂದ್ಸಲ ನೋಡಿದ್ರು, ಬಿಟ್ಟೋದ್ರು. ಗ್ರಾಫಿನ ಗೆರೆ ನೆಲಕ್ಕೆ ಬಿದ್ದೈತೆ. ಇನ್ನು ಈ ತಿಂಗ್ಳು ಏನೂ ಆಗಲ್ಲ, ಬಿಲ್ಲು ಒಳಗೇ ಬರುತ್ತೆ, ಅಕ್ಕಂಗೆ ಹೇಳಿ."

ಹೇಳಿದೆ. ಸುಮ ಅಂಗಳದಲ್ಲಿ ನಿಂತಿದ್ದಳು. ಸೆರಗಿನಿಂದ ಮುಖ ಒರೆಸಿಕೊಂಡಳು. ನೆನೆದಿದ್ದಳು, ಹಾಗಾಗಿ ಏನು ಒರೆಸಿಕೊಂಡಳೋ ಗೊತ್ತಾಗಲಿಲ್ಲ. ಆಮೇಲೆ "ಯಾರೂ ನೋಡ್ತಿಲ್ವಂತಾ? ಒಬ್ರೂನೂ?" ಎಂದು, ಅಡುಗೆ ಮಾಡಿಟ್ಟು ನೆಂಟರು ಬಾರದ ಗೃಹಿಣಿಯ ಹಾಗೆ ಒಂದು ಚೂರು ಮುನಿಸಿಕೊಂಡಳು. ಜಯಂತಿಗೆ ಫೋನು ಮಾಡಿದಳು, ಬ್ಯುಸಿ. ಬೀಗ ಹಾಕಿದಾಗ ಕರೆ ಮಾಡಿದ್ದ ಇನ್ನೊಬ್ಬಾಕೆಗೆ ಮಾಡಿದಳು, ಅದೂ ಬ್ಯುಸಿ. ದಿವ್ಯಳದ್ದೂ ಅಷ್ಟರಲ್ಲಿ ಬ್ಯುಸಿಯಾಗಿತ್ತು. ಬೆಟ್ಟದಿಂದ ಬಯಲಿಗೆ, ಬಯಲಿನಿಂದ ಬೆಟ್ಟಕ್ಕೆ ಎಲ್ಲರೂ ಎಲ್ಲರನ್ನೂ ಏನೂ ಗೊತ್ತಿಲ್ಲದವರ ಹಾಗೆ ಕೇಳುತ್ತಿದ್ದರು. ಆ ಮಾತಿಗೆ ನಾವು ಬಾಡಿಗೆ ಕಟ್ಟಬೇಕಾಗಿರಲಿಲ್ಲ. ನಮಗೆ ಖರ್ಚು ಬರುವುದು ಮಳೆ ಬಂದಾಗಲ್ಲ, ಕಾಯುವಾಗ ಎಂದು ನನಗೆ ಆಗ ತಿಳಿಯಿತು. ಮುಂದಿನ ವರ್ಷದ ಅಂದಾಜನ್ನು ಇದರ ಮೇಲೆ ಹೇಗೆ ಹಾಕುವುದು ಎಂದು ಮಾತ್ರ ಇನ್ನೂ ತಿಳಿದಿಲ್ಲ.

ಅಷ್ಟರಲ್ಲಿ ನನ್ನ ಫೋನು ಹೊಡೆದುಕೊಂಡಿತು. ಅರಸೀಕೆರೆಯಿಂದ ನನ್ನ ತಂಗಿ ಪದ್ಮ. ತೆಂಗಿನ ಸೀಮೆಗೆ ಕೊಟ್ಟ ಹುಡುಗಿ. ಅಲ್ಲಿ ಕಾಫಿಯೆಂದರೆ ಕುಡಿಯುವುದು ಮಾತ್ರ. ಈಚಿನ ವರ್ಷಗಳಲ್ಲಿ ನಮ್ಮ ಹೂಮಳೆ ನಿಂತ ಗಳಿಗೆಗೆ ಸರಿಯಾಗಿ ಅವಳ ಫೋನು ಬರುತ್ತದೆ. ಇವಳ ನಾಲಿಗೆಯ ಮೇಲೆ ಮಚ್ಚೆಯಿರಬೇಕು, ಫೋನ್ ಮಾಡಿದಾಗಲೆಲ್ಲ ಮಳೆ ಬಂದಿರುತ್ತೆ ಎಂದು ನಾನು ಸುಮಳ ಹತ್ತಿರ ಎಷ್ಟೋ ಸಲ ಹೇಳಿದ್ದುಂಟು.

"ಅಣ್ಣ," ಎಂದಳು ಪದ್ಮ, "ಸುಮ್ನೆ ಮಾಡ್ದೆ ಕಣೋ. ಊಟ ಆಯ್ತಾ? ಮಳೆಗಿಳೆ ಏನಾದ್ರೂ ಬಂತಾ ಆ ಕಡೆ?"

ಸೊನ್ನೆಯ ಆ ದಿನಗಳಲ್ಲಿ ನನ್ನ ತೋಟವನ್ನು ಇವಳು ಎಷ್ಟು ಸಲ ತೆಗೆದು ನೋಡಿರಬಹುದು ಎಂದು ಕೇಳಬೇಕೆನಿಸಿತು. ಕೇಳಲಿಲ್ಲ. ಕೆಮ್ಮಿ ದನಿ ಸರಿಮಾಡಿಕೊಂಡು, ಜಗತ್ತಿನಲ್ಲಿ ಇನ್ನೂ ಯಾರಿಗೂ ಗೊತ್ತಿಲ್ಲದ ಸುದ್ದಿಯನ್ನು ಮೊದಲು ಅವಳಿಗೇ ಹೇಳುವವನ ಹಾಗೆ, "ಬಂತು ಕಣೇ ಪದ್ಮಿ! ಒಂದು ಇಂಚಿನ ಮೇಲೆ ಹತ್ತು ಸೆಂಟು!" ಎಂದೆ.

"ಹೌದಾ!" ಎಂದಳು ನನ್ನ ತಂಗಿ. ಎಷ್ಟು ಚೆನ್ನಾಗಿ ಆಶ್ಚರ್ಯಪಟ್ಟಳು ಅಂತೀರಿ.